ಇಂಟರ್‌ಲಾಕ್ ಹಾಕಿ, ಆ ಎಂಟಡಿ ಮಾತ್ರ ಬಿಡಿ

ಈ ಬೇಸಿಗೆ ರಜೆಯಲ್ಲಿ ಕಾಲೇಜಿನ ಹಿಂದಿನ ಅಂಗಳಕ್ಕೆ ಇಂಟರ್‌ಲಾಕ್ ಹಾಕಿಸುವುದಾಗಿ ಪೋಷಕರ ಸಭೆಯಲ್ಲಿ ಪ್ರಕಟಿಸಿದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ನನ್ನ ಉಮ್ಮನೂ ತಟ್ಟಿದರು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನನ್ನ ಬಿಳಿ ಸಲ್ವಾರಿನ ಅಂಚಿಗೆ ಹತ್ತುವ ಕೆಂಪು ಮಣ್ಣನ್ನು ಉಜ್ಜಿ ಉಜ್ಜಿ ತೊಳೆಯುವವರು ಅವರೇ ಅಲ್ಲವೇ? ಮಳೆಗಾಲದಲ್ಲಿ ಲ್ಯಾಬ್‌ನಿಂದ ನಮಾಝ್ ಹಾಲ್‌ಗೆ ಹೋಗುವ ದಾರಿಯಲ್ಲಿ ಜಾರಿ ಬೀಳದವರು ನಮ್ಮ ಕ್ಲಾಸಿನಲ್ಲಿ ಕಡಿಮೆ. ಹಾಗಾಗಿ ಇಂಟರ್‌ಲಾಕ್ ಬೇಡ ಎಂದು ಹೇಳಲು ನಾನು ಈ ಲೇಖನ ಬರೆಯುತ್ತಿಲ್ಲ. ಹಾಕಿಸಿ, ಖಂಡಿತ ಹಾಕಿಸಿ. ನನ್ನ ಬೇಡಿಕೆ ಒಂದೇ. ಹುಡುಗಿಯರ ವುಝೂ ನಳ್ಳಿಗಳ ನೀರು ಹೊರಗೆ ಬೀಳುವ ಜಾಗದಲ್ಲಿ, ಕಂಪೌಂಡ್ ಗೋಡೆಗೆ ತಾಗಿ, 8 ಅಡಿ ಉದ್ದ 5 ಅಡಿ ಅಗಲದ ಮಣ್ಣನ್ನು ಮಣ್ಣಾಗಿಯೇ ಬಿಡಿ.

ಅಲ್ಲಿ ಏನಿದೆ ಎಂದು ಕೇಳುವವರಿಗೆ: ಮೇಲ್ನೋಟಕ್ಕೆ ಏನೂ ಇಲ್ಲ. ಗೋಡೆಯಿಂದ ಒಂದು ಪಿವಿಸಿ ಪೈಪ್ ಹೊರಗೆ ಚಾಚಿಕೊಂಡಿದೆ. ಅದರ ಕೆಳಗೆ ಹಿಂದಿನ ಯಾವುದೋ ಕಟ್ಟಡ ಕೆಲಸದಲ್ಲಿ ಉಳಿದ ಮರಳು ಕೆಂಪು ಮಣ್ಣಿನ ಜೊತೆ ಸೇರಿಕೊಂಡು ಹರಡಿದೆ. ನಾಲ್ಕೈದು ಮುರಕಲ್ಲಿನ ತುಂಡುಗಳು ಬಿದ್ದಿವೆ. ಝುಹರ್ ನಮಾಝ್‌ಗೆ ವುಝೂ ಮಾಡಿದ ನೀರು ಅಲ್ಲಿಗೆ ಬಂದು ಮರಳಿನಲ್ಲಿ ಇಂಗುತ್ತದೆ, ಸಂಜೆಯ ಹೊತ್ತಿಗೆ ಮೇಲೆ ಒಣಗಿ ಒಳಗೆ ತೇವ ಉಳಿದಿರುತ್ತದೆ. ಅಷ್ಟೇ. ಆದರೆ ಜನವರಿಯಿಂದ ಈಚೆಗೆ ಬಿಸಿಲಿರುವ ಯಾವುದೇ ದಿನ ಬೆಳಿಗ್ಗೆಯ ಬ್ರೇಕಿನಲ್ಲಿ ಅಥವಾ ಮಧ್ಯಾಹ್ನ ಊಟದ ನಂತರ ಅಲ್ಲಿಗೆ ಹೋಗಿ ಹತ್ತಡಿ ದೂರದಲ್ಲಿ ಸುಮ್ಮನೆ ನಿಂತು ನೋಡಿ. ಮರಳಿನ ಮೇಲೆ ಹಳದಿ ಕಾಗದದ ಚೂರುಗಳನ್ನು ಚೆಲ್ಲಿದ ಹಾಗೆ ಕಾಣುತ್ತದೆ. ಒಂದು ಹೆಜ್ಜೆ ಮುಂದಿಟ್ಟರೆ ಚೂರುಗಳು ಎದ್ದು ಹಾರುತ್ತವೆ. ನೀವು ಅಲ್ಲಾಡದೆ ನಿಂತರೆ ಎರಡು ನಿಮಿಷದಲ್ಲಿ ಮತ್ತೆ ಬಂದು ಕೂರುತ್ತವೆ.

ಕಾಮನ್ ಎಮಿಗ್ರೆಂಟ್ ಮತ್ತು ಗ್ರಾಸ್ ಯೆಲ್ಲೋ ಚಿಟ್ಟೆಗಳು ಇಲ್ಲಿಯ ಕಾಯಂ ಗಿರಾಕಿಗಳು. ಅವುಗಳ ನಡುವೆ ಕಪ್ಪು ರೆಕ್ಕೆಯ ಮೇಲೆ ಹಸಿರು-ನೀಲಿ ಪಟ್ಟಿ ಎಳೆದುಕೊಂಡ ಕಾಮನ್ ಬ್ಲೂಬಾಟಲ್ ಬರುತ್ತದೆ. ಅದೇ ಕುಟುಂಬದ ಕಾಮನ್ ಜೇ, ಟೇಲ್ಡ್ ಜೇ ಬರುತ್ತವೆ. ಕಾಮನ್ ಮಾರ್ಮನ್ ಬರುತ್ತದೆ. ಕಿರುಬೆರಳಿನ ಉಗುರಿನಷ್ಟೇ ಇರುವ ನೀಲಿ ಚಿಟ್ಟೆಗಳೂ ಬರುತ್ತವೆ. ಅವುಗಳಲ್ಲಿ ಯಾವುದು ಯಾವುದೆಂದು ಹೇಳುವಷ್ಟು ನಾನು ಇನ್ನೂ ಕಲಿತಿಲ್ಲ. ಒಂದು ಮಧ್ಯಾಹ್ನ ಅಂಗೈಗಿಂತ ದೊಡ್ಡದಾದ ಬ್ಲೂ ಮಾರ್ಮನ್ ಬಂದು ಇಳಿಯಿತು. ಕಾಮರ್ಸ್ ಹುಡುಗಿಯರು ಟಿಫಿನ್ ಡಬ್ಬಿ ಹಿಡಿದುಕೊಂಡೇ ನೋಡಲು ಬಂದರು. ನಾವು ಗೆಳತಿಯರು ಇದಕ್ಕೆ 'ಕೆಸರು ಸಭೆ' ಎಂದು ಹೆಸರಿಟ್ಟಿದ್ದೇವೆ. ಇಂಗ್ಲಿಷ್ ಪುಸ್ತಕಗಳಲ್ಲಿ ಇದರ ಹೆಸರು ಮಡ್ ಪಡ್ಲಿಂಗ್.

ಹೂವು ಬಿಟ್ಟು ಕೆಸರಿಗೆ ಯಾಕೆ ಬರುತ್ತವೆ ಎಂಬುದು ಸಹಜವಾದ ಪ್ರಶ್ನೆ. ನಮ್ಮ ಜೀವಶಾಸ್ತ್ರದ ಮೇಡಂ ಉತ್ತರವನ್ನು ಒಂದೇ ಶಬ್ದದಲ್ಲಿ ಹೇಳಿ ಉಳಿದದ್ದನ್ನು ನೀವೇ ಹುಡುಕಿ ಎಂದರು. ಆ ಶಬ್ದ 'ಉಪ್ಪು'.

ಹೂವಿನ ಮಕರಂದದಲ್ಲಿ ಮುಖ್ಯವಾಗಿ ಇರುವುದು ಸಕ್ಕರೆ. ಹಾರಾಡಲು ಅದು ಸಾಕು. ಆದರೆ ಪ್ರಥಮ ಪಿಯುಸಿಯ ನರಕೋಶದ ಪಾಠದಲ್ಲಿ ನಾವು ಉರು ಹೊಡೆದ ಸೋಡಿಯಂ-ಪೊಟ್ಯಾಸಿಯಂ ಪಂಪ್ ನೆನಪಿದೆಯಲ್ಲ? ಚಿಟ್ಟೆಯ ನರಕ್ಕೂ ಸ್ನಾಯುವಿಗೂ ಸೋಡಿಯಂ ಬೇಕು. ಗಿಡಗಳಿಗೆ ಪೊಟ್ಯಾಸಿಯಂ ಬೇಕೇ ಬೇಕು, ಸೋಡಿಯಂ ಅಷ್ಟಾಗಿ ಬೇಡ. ಹಾಗಾಗಿ ಎಲೆಯಲ್ಲಿ ಅದು ತೀರಾ ಕಡಿಮೆ. ಎಲೆ ತಿಂದೇ ಬೆಳೆಯುವ ಕಂಬಳಿಹುಳುವಿಗೆ, ಆಮೇಲೆ ಮಕರಂದ ಕುಡಿದೇ ಬದುಕುವ ಚಿಟ್ಟೆಗೆ ಉಪ್ಪಿನ ಬರ ತಪ್ಪಿದ್ದಲ್ಲ. ಹಟ್ಟಿಯಲ್ಲಿ ದನ ಗೋಡೆ ನೆಕ್ಕುವುದನ್ನು ನೋಡಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಎಲೆ ಮೇಯುವ ದೊಡ್ಡ ಪ್ರಾಣಿಗೆ ಇರುವ ಕಷ್ಟವೇ ಈ ಸಣ್ಣ ಜೀವಕ್ಕೂ ಇದೆ. ಒದ್ದೆ ಮಣ್ಣಿನಲ್ಲಿ, ಸಗಣಿಯಲ್ಲಿ, ಮೂತ್ರ ಬಿದ್ದ ನೆಲದಲ್ಲಿ ಲವಣಗಳೂ ಅಮೈನೋ ಆಮ್ಲಗಳೂ ಕರಗಿರುತ್ತವೆ. ಸುರುಳಿ ಸುತ್ತಿಕೊಂಡ ಹೀರುಗೊಳವೆಯನ್ನು ಬಿಚ್ಚಿ ಚಿಟ್ಟೆ ಅದನ್ನು ಹೀರುತ್ತದೆ.

ಇದು ಬರೀ ಊಹೆಯಲ್ಲ. 1974ರಲ್ಲಿ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ ಸಂಶೋಧಕರು ಟ್ರೇಗಳಲ್ಲಿ ಮರಳು ತುಂಬಿ, ಒಂದೊಂದಕ್ಕೆ ಒಂದೊಂದು ದ್ರಾವಣ ಹಾಕಿ ಹೊರಗಿಟ್ಟರು. ಟೈಗರ್ ಸ್ವಾಲೋಟೇಲ್ ಎಂಬ ಅಲ್ಲಿನ ಚಿಟ್ಟೆಗಳು ನಿಂತು ಹೀರಿದ್ದು ಸೋಡಿಯಂ ಇದ್ದ ಮರಳನ್ನು. ಈ ಪ್ರಯೋಗ ನನಗೆ ತುಂಬಾ ಇಷ್ಟ. ಅದಕ್ಕೆ ಬೇಕಾದದ್ದು ಟ್ರೇ, ಮರಳು, ನಮ್ಮ ಕೆಮಿಸ್ಟ್ರಿ ಲ್ಯಾಬ್‌ನ ಕಪಾಟಿನಲ್ಲೇ ಇರುವಂಥ ನಾಲ್ಕಾರು ಲವಣಗಳು, ಮತ್ತೆ ಬಿಸಿಲಿನಲ್ಲಿ ಕೂರುವ ತಾಳ್ಮೆ. ನಾವೂ ಮಾಡಬಹುದಾದ ಪ್ರಯೋಗ ಅದು.

ಇನ್ನೊಂದು ಅಧ್ಯಯನ ಅದೇ ವಿಶ್ವವಿದ್ಯಾಲಯದಿಂದ 1996ರಲ್ಲಿ ಬಂದದ್ದು. ಗ್ಲುಫಿಸಿಯಾ ಎಂಬ ಒಂದು ಪತಂಗದ ಬಗ್ಗೆ. ಕೆಸರಿಗೆ ಬಂದು ಕುಡಿಯುವುದು ಗಂಡು. ಗಂಟೆಗಟ್ಟಲೆ ಕುಡಿಯುತ್ತದೆ, ಸೋಡಿಯಂ ಮಾತ್ರ ಉಳಿಸಿಕೊಂಡು ನೀರನ್ನು ಹಿಂಬದಿಯಿಂದ ಚಿಮ್ಮಿಸಿಬಿಡುತ್ತದೆ. ಹಾಗೆ ಕೂಡಿಟ್ಟ ಸೋಡಿಯಂನಲ್ಲಿ ಅರ್ಧಕ್ಕಿಂತ ಹೆಚ್ಚನ್ನು, ಅಂದರೆ ಸುಮಾರು 10 ಮೈಕ್ರೋಗ್ರಾಂನಷ್ಟನ್ನು, ಜೊತೆಗೂಡುವಾಗ ಹೆಣ್ಣಿಗೆ ಕೊಡುತ್ತದೆ. ಹೆಣ್ಣು ಅದರ ಬಹುಪಾಲನ್ನು ಮೊಟ್ಟೆಗಳಿಗೆ ಹಂಚುತ್ತದೆ. ಕೆಸರು ಕುಡಿದ ಗಂಡಿನ ಜೊತೆಗೂಡಿ ಇಟ್ಟ ಮೊಟ್ಟೆಗಳಲ್ಲಿ ಉಳಿದವಕ್ಕಿಂತ 2ರಿಂದ 4 ಪಟ್ಟು ಹೆಚ್ಚು ಸೋಡಿಯಂ ಇತ್ತಂತೆ. ನಮ್ಮ ಅಂಗಳದ ಬ್ಲೂಬಾಟಲ್ ಕೂಡ ಹೀರುತ್ತಾ ಹೀರುತ್ತಾ ಹಿಂಬದಿಯಿಂದ ಹನಿ ಹನಿಯಾಗಿ ನೀರು ಬಿಡುವುದನ್ನು ಬರಿಗಣ್ಣಿನಿಂದಲೇ ನೋಡಬಹುದು. ಚಿಟ್ಟೆಗಳಲ್ಲೂ ಹೀಗೆ ಕೆಸರಿಗೆ ಬರುವವು ಹೆಚ್ಚಾಗಿ ಗಂಡುಗಳೇ.

ಇದನ್ನು ನಾನು ಕ್ಲಾಸಿನಲ್ಲಿ ಓದಿ ಹೇಳಿದಾಗ ಹಿಂದಿನ ಬೆಂಚಿನ ಗೆಳತಿ, "ಹಾಗಾದರೆ ಅದು ಗಂಡು ಕೊಡುವ ಮಹರ್" ಎಂದಳು. ಇಡೀ ಕ್ಲಾಸ್ ನಕ್ಕಿತು. ಮಹರ್ ಅಂದಳು, ವರದಕ್ಷಿಣೆ ಅನ್ನಲಿಲ್ಲ. ಚಿಟ್ಟೆಗಳಲ್ಲಿ ಆ ಪಿಡುಗು ಇಲ್ಲ.

ಈಗ ನನ್ನ ಮುಖ್ಯ ತಕರಾರಿಗೆ ಬರುತ್ತೇನೆ. ಚಿಟ್ಟೆಗಾಗಿ ಏನಾದರೂ ಮಾಡೋಣ ಎಂದ ತಕ್ಷಣ ಎಲ್ಲರೂ ಹೂಕುಂಡ ತರುತ್ತಾರೆ. ಕಳೆದ ವರ್ಷ ಪರಿಸರ ದಿನಕ್ಕೆ ನಮ್ಮಲ್ಲೂ ಮೂವತ್ತು ಕುಂಡಗಳು ಬಂದವು. ಅವುಗಳಲ್ಲಿ ಹೆಚ್ಚಿನವು ಪದರ ಪದರವಾಗಿ ಎಸಳು ತುಂಬಿದ ದಾಸವಾಳ ಮತ್ತು ಬಣ್ಣದೆಲೆಯ ಗಿಡಗಳು. ಮುಂದಿನ ಗೇಟಿನ ಎರಡೂ ಬದಿಗೆ ಗೋಲ್ಡನ್ ಡುರಾಂಟಾದ ಬೇಲಿ ಇದೆ. ಡುರಾಂಟಾ ಹೂ ಬಿಟ್ಟರೆ ಚಿಟ್ಟೆಗಳಿಗೆ ಪ್ರಿಯವಾದ ಗಿಡ. ಆದರೆ ನಾವು ಹದಿನೈದು ದಿನಕ್ಕೊಮ್ಮೆ ಕತ್ತರಿ ಹಾಕಿ ಚೌಕ ಮಾಡುವುದರಿಂದ ಅದು ಹೂ ಬಿಡುವುದೇ ಇಲ್ಲ. ಒಟ್ಟಿನಲ್ಲಿ ನಾವು ಖರ್ಚು ಮಾಡಿ ತಂದ ಜಾಗದಲ್ಲಿ ಚಿಟ್ಟೆ ಇಲ್ಲ. ಒಂದು ರೂಪಾಯಿ ಖರ್ಚು ಮಾಡದ, ಯಾರೂ ತಿರುಗಿ ನೋಡದ ಹಿಂದಿನ ಅಂಗಳದಲ್ಲಿ ಚಿಟ್ಟೆಯ ಸಂತೆಯೇ ನೆರೆಯುತ್ತದೆ. ಅದನ್ನೇ ಈಗ ಸಿಮೆಂಟ್ ಕಲ್ಲಿನಿಂದ ಮುಚ್ಚಲು ಹೊರಟಿದ್ದೇವೆ. ಆಮೇಲೆ ಬರುವ ಪರಿಸರ ದಿನಕ್ಕೆ ಮತ್ತೆ ಮೂವತ್ತು ಕುಂಡ ತರುತ್ತೇವೆ.

ವುಝೂ ನೀರಿನ ವಿಷಯದಲ್ಲಿ ಒಂದು ಮಾತು. ಕ್ಯಾಂಟೀನ್ ಹಿಂದೆಯೂ ನೀರು ಬೀಳುವ ಜಾಗ ಇದೆ, ಅಲ್ಲಿ ನಾನು ಒಂದು ಚಿಟ್ಟೆಯನ್ನೂ ಕಂಡಿಲ್ಲ. ಅದು ಪಾತ್ರೆ ತೊಳೆದ ಸಾಬೂನು ನೀರು, ಎಣ್ಣೆ ಜಿಡ್ಡಿನ ನೀರು. ವುಝೂಗೆ ನಾವು ಸಾಬೂನು ಬಳಸುವುದಿಲ್ಲ. ಬಾವಿಯ ನೀರು ಕೈ, ಮುಖ, ಮೊಣಕೈ, ಪಾದಗಳನ್ನು ತೋಯಿಸಿ ಹಾಗೇ ಹೊರಗೆ ಹೋಗುತ್ತದೆ. ಮಾರ್ಚ್ ತಿಂಗಳ ಕರಾವಳಿಯ ಸೆಕೆಯಲ್ಲಿ ನೂರಾರು ಹುಡುಗಿಯರ ಬೆವರಿನ ಉಪ್ಪು ಒಂದಿಷ್ಟು ಅದರಲ್ಲಿ ಸೇರಿಯೇ ಸೇರುತ್ತದೆ. ಆ ಮರಳು ಚಿಟ್ಟೆಗಳಿಗೆ ರುಚಿಸಲು ಅದೂ ಒಂದು ಕಾರಣ ಇರಬಹುದು ಎಂಬುದು ನನ್ನ ಊಹೆ. ಊಹೆ ಎಂದೇ ತೆಗೆದುಕೊಳ್ಳಿ. ಹಾಗೆಂದು ಚಿಟ್ಟೆಗಾಗಿ ನಳ್ಳಿ ಜೋರಾಗಿ ಬಿಡಬೇಕಾಗಿಲ್ಲ. ಹರಿಯುವ ನದಿಯ ದಡದಲ್ಲಿದ್ದರೂ ವುಝೂಗೆ ನೀರು ಪೋಲು ಮಾಡಬಾರದು ಎಂದು ಮದ್ರಸದಲ್ಲಿ ಕಲಿತವರು ನಾವು. ಮರಳು ತೇವವಾಗಿರಲು ಈಗ ಬೀಳುವ ನೀರೇ ಹೆಚ್ಚು.

ವಿರೋಧವಾಗಿ ಬರುವ ಮಾತುಗಳಲ್ಲಿ ದೊಡ್ಡದು ಸೊಳ್ಳೆ. ಇದನ್ನು ನಗುತ್ತಾ ತಳ್ಳಿಹಾಕುವಂತಿಲ್ಲ. ನಮ್ಮ ಜಿಲ್ಲೆಗೆ ಮಲೇರಿಯಾ ಹೊಸದಲ್ಲ. 2024ರ ಸೆಪ್ಟೆಂಬರ್‌ನಲ್ಲಿ ರಾಜ್ಯ ಸರ್ಕಾರ ಡೆಂಗಿಯನ್ನು ಸಾಂಕ್ರಾಮಿಕ ರೋಗ ಎಂದು ಘೋಷಿಸಿತು. ನಮ್ಮ ಬ್ಯಾಚಿನಲ್ಲೇ ಡೆಂಗಿ ಬಂದು ಒಂದು ತಿಂಗಳ ಪಾಠ ಕಳೆದುಕೊಂಡವರು ಇದ್ದಾರೆ. ನೀರು ನಿಲ್ಲುವ ಜಾಗ ಬೇಡ ಎಂದು ಆಫೀಸಿನವರು ಹೇಳಿದರೆ ಅದು ನಮ್ಮ ಒಳ್ಳೆಯದಕ್ಕೇ.

ಆದರೆ ನಿಂತ ನೀರು ಬೇರೆ, ಒದ್ದೆ ಮರಳು ಬೇರೆ. ಸೊಳ್ಳೆಯ ಮರಿ ನೀರಿನಲ್ಲಿ ಈಜಾಡಿ, ಮೇಲೆ ಬಂದು ಉಸಿರಾಡಿ ಬೆಳೆಯುವ ಜೀವಿ. ಮೊಟ್ಟೆಯಿಂದ ರೆಕ್ಕೆ ಬರುವ ತನಕ ಅದಕ್ಕೆ ನಮ್ಮ ಹವೆಯಲ್ಲೂ ಸುಮಾರು ಒಂದು ವಾರ ಕಾಲ ಬತ್ತದ ನೀರು ಬೇಕು. ಮಂಗಳೂರಿನಂಥ ಪೇಟೆಯಲ್ಲಿ ಮಲೇರಿಯಾ ಹರಡುವ ಅನಾಫಿಲಿಸ್ ಸ್ಟೀಫೆನ್ಸಿ ಟ್ಯಾಂಕಿ, ಬಾವಿ, ಕಟ್ಟಡ ಕಟ್ಟುವಲ್ಲಿ ನಿಂತ ನೀರನ್ನು ಹುಡುಕುತ್ತದೆ. ಡೆಂಗಿಯ ಈಡಿಸ್‌ಗೆ ಕುಂಡದ ಕೆಳಗಿನ ತಟ್ಟೆ, ಟಯರು, ತೆಂಗಿನ ಚಿಪ್ಪು ಸಾಕು. ಮರಳಿನ ಮೇಲೆ ಇವೆರಡೂ ಬೆಳೆಯಲಾರವು. ನೀರು ಮೇಲೆ ನಿಲ್ಲದಂತೆ ನೋಡಿಕೊಂಡರೆ ಆಯಿತು. ಅದನ್ನು ಪರೀಕ್ಷಿಸುವುದೂ ಸುಲಭ: ಒಂದು ಬಕೆಟ್ ನೀರು ಸುರಿದು ಹತ್ತು ನಿಮಿಷ ಕಾಯಿರಿ, ಎಲ್ಲಾದರೂ ಕನ್ನಡಿಯ ಹಾಗೆ ನೀರು ಹೊಳೆದರೆ ಅಲ್ಲಿಗೆ ಇನ್ನೊಂದು ಬುಟ್ಟಿ ಮರಳು.

ಇನ್ನೊಂದು ವಿಷಯ ಯಾರೂ ಗಮನಿಸಿದಂತಿಲ್ಲ. ಇಂಟರ್‌ಲಾಕ್ ಹಾಕಿದ ಮೇಲೆ ಈ ನೀರನ್ನು ಮುಚ್ಚಿದ ಚರಂಡಿಯಲ್ಲಿ ಸಾಗಿಸಿ, ನಡುವೆ ಎರಡು ಚೇಂಬರ್ ಕಟ್ಟಿ, ಮುಂದಿನ ತೋಡಿಗೆ ಬಿಡುವುದು ಯೋಜನೆ. ಚೇಂಬರಿನ ತಳದಲ್ಲಿ ಹೂಳು ತಂಗಲೆಂದು ಅರ್ಧ ಅಡಿ ಆಳ ಬಿಡುತ್ತಾರೆ. ಅಂದರೆ ಅರ್ಧ ಅಡಿ ನೀರು ವರ್ಷವಿಡೀ ಮುಚ್ಚಳದ ಅಡಿಯಲ್ಲಿ, ಕತ್ತಲೆಯಲ್ಲಿ, ಯಾರ ಕಣ್ಣಿಗೂ ಬೀಳದೆ ನಿಂತಿರುತ್ತದೆ. ಸೊಳ್ಳೆಯ ಭಯ ನಿಜವಾಗಿದ್ದರೆ ನಾವು ಹೆದರಬೇಕಾದದ್ದು ಯಾವುದಕ್ಕೆ? ಬಿಸಿಲಿಗೆ ಮೈಯೊಡ್ಡಿ ಸಂಜೆಗೆ ಒಣಗುವ ಮರಳಿಗೋ, ಈ ಚೇಂಬರಿಗೋ?

ಅಂದ ಕೆಡುತ್ತದೆ ಎನ್ನುವವರಿಗೆ ನನ್ನಲ್ಲಿ ಹೆಚ್ಚು ಉತ್ತರವಿಲ್ಲ. ಅದು ಹಿಂದಿನ ಅಂಗಳ. ಅತಿಥಿಗಳು ಅಲ್ಲಿಗೆ ಬರುವುದಿಲ್ಲ. ಕಾಲಿಗೆ ಕೆಸರು ಹತ್ತಿ ನಮಾಝ್ ಹಾಲ್ ಕೊಳೆಯಾಗುತ್ತದೆ ಎಂಬ ಮಾತು ಸರಿಯೇ, ಆದರೆ ಪೈಪ್ ಇರುವುದು ಹಾಲಿನ ಬಾಗಿಲಿಗೆ ವಿರುದ್ಧ ದಿಕ್ಕಿನಲ್ಲಿ, ಅಲ್ಲಿ ನಡೆದುಹೋಗುವ ದಾರಿಯೇ ಇಲ್ಲ. ಕಂಟ್ರಾಕ್ಟರ್‌ಗೆ ಲೆಕ್ಕ ತಪ್ಪುತ್ತದೆ ಎಂದು ಒಬ್ಬರು ಹೇಳಿದರು. ನಾವು ಹೆಜ್ಜೆ ಹಾಕಿ ಅಳೆದಂತೆ ಅಂಗಳ ಸುಮಾರು 6,000 ಚದರ ಅಡಿ ಇದೆ. ನಾವು ಕೇಳುತ್ತಿರುವುದು 40. ಲೆಕ್ಕ ತಪ್ಪಿದರೂ ಕಾಲೇಜಿಗೆ ಉಳಿತಾಯವೇ ಆಗುತ್ತದೆ.

ಆ 40 ಚದರ ಅಡಿಯನ್ನು ಈಗಿರುವಂತೆ ಬಿಟ್ಟರೂ ಸಾಕು. ಆದರೆ ಸ್ವಲ್ಪ ಕೈಯಾಡಿಸಿದರೆ ಇನ್ನೂ ಚೆನ್ನಾಗಿರುತ್ತದೆ. ಮೇಲಿನ ನಾಲ್ಕೈದು ಇಂಚು ಮಣ್ಣು ತೆಗೆದು ಬಟ್ಟಲಿನ ಹಾಗೆ ತುಸು ತಗ್ಗು ಮಾಡಬೇಕು. ತಳಕ್ಕೆ ಪ್ಲಾಸ್ಟಿಕ್ ಶೀಟ್ ಹಾಕಬಾರದು, ಹಾಕಿದರೆ ನೀರು ನಿಲ್ಲುತ್ತದೆ, ಸೊಳ್ಳೆಯವರ ಮಾತೇ ನಿಜವಾಗುತ್ತದೆ. ಮರಳನ್ನು ಅಂಚಿನವರೆಗೂ ತುಂಬಬೇಕು. ಸಮುದ್ರದ ಮರಳು ಹತ್ತಿರದಲ್ಲೇ ಇದೆಯಲ್ಲ ಎಂದು ತರಲು ಹೋಗಬೇಡಿ, ಉಪ್ಪು ಬೇಕೆಂದರೂ ಅಷ್ಟು ಉಪ್ಪು ಬೇಡ, ಸುತ್ತಲಿನ ಹುಲ್ಲೂ ಸತ್ತುಹೋಗುತ್ತದೆ. ಹೊಸ ಬ್ಲಾಕಿನ ಬಳಿ ಉಳಿದಿರುವ ಮರಳಿನ ರಾಶಿಯೇ ಸಾಕು. ಅದಕ್ಕೆ ಎರಡು ಬುಟ್ಟಿ ಕೆಂಪು ಮಣ್ಣು, ಒಣಗಿ ಪುಡಿಯಾದ ಒಂದಿಷ್ಟು ಸಗಣಿ ಅಥವಾ ಎಲೆಗೊಬ್ಬರ ಬೆರೆಸಬೇಕು. ಬಕೆಟ್ ಮರಳಿಗೆ ಒಂದು ಸಣ್ಣ ಚಮಚ ಅಡುಗೆ ಉಪ್ಪು, ಅದೂ ಎರಡು ಮೂರು ತಿಂಗಳಿಗೊಮ್ಮೆ. ಮುರಕಲ್ಲಿನ ಚಪ್ಪಟೆ ತುಂಡುಗಳನ್ನು ಅಲ್ಲಲ್ಲಿ ಅರ್ಧ ಹೂತು ಇಟ್ಟರೆ ಚಿಟ್ಟೆ ಅದರ ಮೇಲೆ ರೆಕ್ಕೆ ಬಿಡಿಸಿ ಮೈ ಕಾಯಿಸಿಕೊಳ್ಳುತ್ತದೆ. ಅದರ ಮೈ ತಾನಾಗಿ ಬಿಸಿ ಇರುವುದಿಲ್ಲ, ಹಾರಲು ಬಿಸಿಲು ಬೇಕು. ನೆರಳಿನಲ್ಲಿ ಇಂಥ ಜಾಗ ಮಾಡಿದರೆ ಎಷ್ಟು ಚಂದ ಮಾಡಿದರೂ ಪ್ರಯೋಜನವಿಲ್ಲ. ನಮ್ಮ ಜಾಗಕ್ಕೆ ಬೆಳಿಗ್ಗೆ ಹತ್ತರಿಂದ ಮಧ್ಯಾಹ್ನ ಎರಡೂವರೆಯ ತನಕ ನೇರ ಬಿಸಿಲು ಬೀಳುತ್ತದೆ, ಗೋಡೆ ಗಾಳಿಯನ್ನು ತಡೆಯುತ್ತದೆ. ಇನ್ನು ಮಳೆಗಾಲ. ಜೂನ್ ಬಂದರೆ ಊರಿಡೀ ಒದ್ದೆ, ಆಗ ಚಿಟ್ಟೆಗಳಿಗೆ ನಮ್ಮ ಮರಳಿನ ಹಂಗಿಲ್ಲ. ಅಂಚಿಗೆ ಒಂದು ಸಾಲು ಕಲ್ಲು ಇಟ್ಟು ಮರಳು ಕೊಚ್ಚಿ ಹೋಗದಂತೆ ನೋಡಿಕೊಳ್ಳುವುದಷ್ಟೇ ಕೆಲಸ. ಮಳೆ ನಿಂತ ಮೇಲೆ, ಅಕ್ಟೋಬರ್‌ನಿಂದ ಮತ್ತೆ ಸಭೆ ಶುರು.

ಮನೆಯಲ್ಲಿ ಅಂಗಳ ಇಲ್ಲದವರೂ ಇದನ್ನು ಮಾಡಬಹುದು. ಅಗಲ ಬಾಯಿಯ ಮಣ್ಣಿನ ತಟ್ಟೆಯಲ್ಲಿ ಮರಳು ತುಂಬಿ ಒದ್ದೆ ಮಾಡಿ ತಾರಸಿಯ ಮೂಲೆಯಲ್ಲಿ ಇಡಿ. ಕಳಿತ ಬಾಳೆಹಣ್ಣು, ಅನಾನಸಿನ ಸಿಪ್ಪೆ, ಹಲಸಿನ ರಚ್ಚೆ ಪಕ್ಕದಲ್ಲಿಟ್ಟರೆ ಹೂವಿಗೆ ಬರದ ಬೇರೆಯೇ ಜಾತಿಯ ಕಂದು ಬಣ್ಣದ ಚಿಟ್ಟೆಗಳು ಬರುತ್ತವೆ. ನಮ್ಮ ಮನೆಯಲ್ಲಿ ಮೀನು ತೊಳೆಯುವ ಕಲ್ಲಿನ ಬುಡಕ್ಕೆ ಚಿಟ್ಟೆ ಬರುವುದನ್ನು ನೋಡಿ ಅಜ್ಜಿ, "ಇವಕ್ಕೂ ಬಂಗುಡೆ ಬೇಕಾ?" ಎಂದು ಕೇಳುತ್ತಿದ್ದರು. ಬೇಕು ಎಂಬುದೇ ಉತ್ತರ. ಚಿಟ್ಟೆ ನೋಡುವ ಹವ್ಯಾಸದವರು ಕೊಳೆತ ಸಿಗಡಿ, ಏಡಿ ಇಟ್ಟು ಕೆಲವು ಜಾತಿಗಳನ್ನು ಕರೆಯುವುದುಂಟು. ಕಾಲೇಜಿನಲ್ಲಿ ಇದನ್ನು ಮಾಡಿ ಎಂದು ನಾನು ಹೇಳುತ್ತಿಲ್ಲ. ಬೆಕ್ಕುಗಳ ಕಾಟ ಈಗಲೇ ಸಾಕಷ್ಟಿದೆ.

ಕೆಸರು ಒಂದೇ ಇದ್ದರೆ ಚಿಟ್ಟೆ ಬರುವುದಿಲ್ಲ ಎಂಬುದನ್ನೂ ಹೇಳಬೇಕು. ಅವು ಎಲ್ಲೋ ಹತ್ತಿರದಲ್ಲಿ ಹುಟ್ಟಿರಬೇಕು. ನಮ್ಮ ಅದೃಷ್ಟಕ್ಕೆ ಆಡಿಟೋರಿಯಂ ಬದಿಯಲ್ಲಿ ಕಂಬದ ಹಾಗೆ ಬೆಳೆದ ಅಶೋಕದ ಸಾಲು ಇದೆ. ಟೇಲ್ಡ್ ಜೇ, ಕಾಮನ್ ಜೇ ಮೊಟ್ಟೆ ಇಡುವುದು ಅದರ ಎಲೆಗಳಲ್ಲಿ. ಗೇಟಿನಾಚೆಯ ಕಕ್ಕೆ ಮರ ಎಮಿಗ್ರೆಂಟ್‌ಗಳ ತೊಟ್ಟಿಲು. ಕ್ಯಾಂಟೀನ್ ಪಕ್ಕದ ಕರಿಬೇವು ಮತ್ತು ಲಿಂಬೆ ಗಿಡ ಕಾಮನ್ ಮಾರ್ಮನ್‌ಗೆ ಬೇಕು. ಎಳೆಯ ಮರಿ ಹಕ್ಕಿಯ ಹಿಕ್ಕೆಯ ಹಾಗೆ ಕಾಣುತ್ತದೆ, ದೊಡ್ಡದಾದ ಮೇಲೆ ಹಸಿರಾಗುತ್ತದೆ. ಅಡುಗೆಯ ತಾತ್ತ ಇಲ್ಲಿಯ ತನಕ ಅವನ್ನು ಆಯ್ದು ಬಿಸಾಡುತ್ತಿದ್ದರು. ಅದು ಏನಾಗುತ್ತದೆಂದು ಫೋಟೋ ತೋರಿಸಿದ ಮೇಲೆ ಒಂದು ಕೊಂಬೆಯನ್ನು ಅವಕ್ಕೇ ಬಿಟ್ಟಿದ್ದಾರೆ, ಸಾಂಬಾರಿಗೆ ಉಳಿದ ಕೊಂಬೆಗಳು. ಇಷ್ಟು ಸಣ್ಣ ಒಪ್ಪಂದಕ್ಕೆ ಒಬ್ಬ ಅಡುಗೆಯವರು ಐದು ನಿಮಿಷದಲ್ಲಿ ಒಪ್ಪಿದರು.

ಚಿಟ್ಟೆ ಎಂದರೆ ದೊಡ್ಡ ಯೋಜನೆ, ದೊಡ್ಡ ಹಣ ಎಂಬ ಕಲ್ಪನೆಯೂ ನಮ್ಮಲ್ಲಿದೆ. ಬನ್ನೇರುಘಟ್ಟದಲ್ಲಿ 2006ರಲ್ಲಿ ತೆರೆದ ಚಿಟ್ಟೆ ಉದ್ಯಾನದ ಗುಮ್ಮಟವನ್ನು ಪ್ರವಾಸ ಹೋದಾಗ ಕೆಲವರು ನೋಡಿರುತ್ತೀರಿ. ಅದೂ ಬೇಕು. ಆದರೆ ನಮ್ಮ ಜಿಲ್ಲೆಯಲ್ಲೇ, ಮೂಡುಬಿದಿರೆ ಹತ್ತಿರದ ಬೆಳುವಾಯಿಯಲ್ಲಿ ಸಮ್ಮಿಲನ್ ಶೆಟ್ಟಿಯವರು ಮಾಡಿರುವ ಚಿಟ್ಟೆ ಪಾರ್ಕ್‌ನಲ್ಲಿ ಗುಮ್ಮಟವೂ ಇಲ್ಲ, ಬಲೆಯೂ ಇಲ್ಲ. ಬೇಕಾದ ಗಿಡಗಳನ್ನು ಬೆಳೆಸಿದ್ದಾರೆ, ಚಿಟ್ಟೆಗಳು ತಾವಾಗಿ ಬರುತ್ತವೆ, ತಾವಾಗಿ ಹೋಗುತ್ತವೆ. ನಮ್ಮ ರಾಜ್ಯದ ಚಿಟ್ಟೆ ಸದರ್ನ್ ಬರ್ಡ್‌ವಿಂಗ್ ಎಂಬುದನ್ನು ಸಾಮಾನ್ಯ ಜ್ಞಾನದ ಪರೀಕ್ಷೆಗೆ ಎಲ್ಲರೂ ಓದುತ್ತೇವೆ. ಅದರ ಮರಿ ತಿನ್ನುವ ಈಶ್ವರಿ ಬಳ್ಳಿಯನ್ನು ನಮ್ಮಲ್ಲಿ ಎಷ್ಟು ಮಂದಿ ಕಂಡಿದ್ದೇವೆ? ಆ ಬಳ್ಳಿಯ ಒಂದು ಸಸಿ ಸಿಕ್ಕರೆ ಕಂಪೌಂಡ್ ಗೋಡೆಗೆ ಹಬ್ಬಿಸಬಹುದು. ಅದು ಮುಂದಿನ ಮಾತು.

ಆಡಳಿತ ಮಂಡಳಿಗೆ ನಾವು ಬರೆದ ಮನವಿಗೆ ಈವರೆಗೆ 112 ಸಹಿ ಬಿದ್ದಿದೆ, ಅದರಲ್ಲಿ ಸಿಬ್ಬಂದಿಯವರದು 9. ಪ್ರಿನ್ಸಿಪಾಲ್ ಸರ್ ಓದಿ, "ಇದನ್ನು ಯಾರು ನೋಡಿಕೊಳ್ಳುತ್ತಾರೆ? ನೀವು ಮುಂದಿನ ವರ್ಷ ಇರುವುದಿಲ್ಲವಲ್ಲ" ಎಂದು ಕೇಳಿದರು. ನ್ಯಾಯವಾದ ಪ್ರಶ್ನೆ. ಕಾಲೇಜುಗಳಲ್ಲಿ ದ್ವಿತೀಯ ಪಿಯುಸಿಯವರು ಉತ್ಸಾಹದಿಂದ ಶುರು ಮಾಡಿದ ಎಷ್ಟೋ ಕೆಲಸ ಜೂನ್‌ನಲ್ಲಿ ಅನಾಥವಾಗುವುದನ್ನು ಅವರು ನೋಡಿರುತ್ತಾರೆ. ಅದಕ್ಕೆ ನಮ್ಮ ಉತ್ತರವನ್ನೂ ಬರೆದು ಕೊಟ್ಟಿದ್ದೇವೆ. ಪ್ರಥಮ ಪಿಯುಸಿಯ ಆರು ಮಂದಿ, ಮೂವರು ವಿಜ್ಞಾನದವರು, ಮೂವರು ಕಾಮರ್ಸ್‌ನವರು, ಹೆಸರು ಕೊಟ್ಟಿದ್ದಾರೆ. ವಾರಕ್ಕೊಮ್ಮೆ ಮರಳು ಕೆದಕುವುದು, ಬಿದ್ದ ಎಲೆ ತೆಗೆಯುವುದು, ಬಕೆಟ್ ನೀರಿನ ಪರೀಕ್ಷೆ ಮಾಡಿ ದಿನಾಂಕ ಬರೆದಿಡುವುದು ಅವರ ಕೆಲಸ. ಯಾವ ಚಿಟ್ಟೆ ಎಷ್ಟು ಬಂತು ಎಂದು ಬರೆಯಲು ಒಂದು ನೂರು ಪುಟದ ನೋಟ್‌ಬುಕ್ ಜೀವಶಾಸ್ತ್ರ ಲ್ಯಾಬ್‌ನ ಬಾಗಿಲ ಹಿಂದೆ ತೂಗುತ್ತಿದೆ. ಯಾರು ಬೇಕಾದರೂ ಬರೆಯಬಹುದು. ಹೆಸರು ಗೊತ್ತಿಲ್ಲದಿದ್ದರೆ ಬಣ್ಣ ಬರೆಯಿರಿ.

ರಜೆಯ ಎರಡು ತಿಂಗಳು ನಳ್ಳಿ ಬಳಸುವವರು ಇರುವುದಿಲ್ಲ. ಆಗಿನ ಜವಾಬ್ದಾರಿಯನ್ನು ತೋಟ ನೋಡಿಕೊಳ್ಳುವ ಕಾಕ ತಾವಾಗಿ ವಹಿಸಿಕೊಂಡರು. ಮಲ್ಲಿಗೆಗೆ ನೀರು ಬಿಡುವಾಗ ಪೈಪ್ ಅಲ್ಲಿಗೂ ಒಂದು ನಿಮಿಷ ತಿರುಗಿಸುತ್ತೇನೆ ಎಂದಿದ್ದಾರೆ. ಅವರಿಗೆ ನಮ್ಮದೊಂದು ವಿನಂತಿ ಇತ್ತು, ಆ ಗೋಡೆಯ ಬದಿಗೆ ಹುಲ್ಲು ಸಾಯುವ ಔಷಧ ಹೊಡೆಯಬಾರದು ಎಂದು. ಕತ್ತಿಯಲ್ಲೇ ಸವರುತ್ತೇನೆ ಎಂದು ಒಪ್ಪಿದ್ದಾರೆ.

ಇಂಟರ್‌ಲಾಕ್ ಕೆಲಸದವರು ಪರೀಕ್ಷೆ ಮುಗಿದ ಮರುವಾರ ಬರುತ್ತಾರಂತೆ. ನಾವು ಸುಣ್ಣದ ಪುಡಿಯಿಂದ 8 ಅಡಿ, 5 ಅಡಿಯ ಗೆರೆ ಎಳೆದು ನಾಲ್ಕು ಮೂಲೆಗೆ ಮುರಕಲ್ಲು ಇಟ್ಟಿದ್ದೇವೆ. ಮನವಿಗೆ ಸಹಿ ಹಾಕುವವರು ಗುರುವಾರದೊಳಗೆ ಲೈಬ್ರರಿಯ ಕೌಂಟರಿನಲ್ಲಿ ಹಾಕಬೇಕು. ಆಮೇಲೆ ಅದು ಕಚೇರಿಗೆ ಹೋಗುತ್ತದೆ.